ಕಾಂಟ್ರಾಸ್ಟ್ ಮತ್ತು ಕಿಡ್ನಿ: ‘ಆದ ಮೇಲೆ’ ಬೇರೆ, ‘ಅದರಿಂದ’ ಬೇರೆ

ಸ್ಕ್ಯಾನ್, ಆಂಜಿಯೋಗ್ರಾಮ್‌ಗಳಲ್ಲಿ ಚಿತ್ರ ಸ್ಪಷ್ಟವಾಗಲೆಂದು ರಕ್ತಕ್ಕೆ ಕೊಡುವ ಅಯೋಡಿನ್ ದ್ರಾವಣವೇ ಕಾಂಟ್ರಾಸ್ಟ್. ಅದರ ಮತ್ತು ಕಿಡ್ನಿಯ ಈ ಪಾಠದಲ್ಲಿ ನನ್ನನ್ನು ಜಾಸ್ತಿ ಕಾಡಿದ್ದು ಹೆಸರುಗಳು. ಹಳೆಯ ಪುಸ್ತಕಗಳಲ್ಲಿ ‘ಕಾಂಟ್ರಾಸ್ಟ್ ಇಂಡ್ಯೂಸ್ಡ್ ನೆಫ್ರೋಪತಿ’ ಎಂದಿರುತ್ತದೆ. ಈಗ ‘ಕಾಂಟ್ರಾಸ್ಟ್ ಅಸೋಸಿಯೇಟೆಡ್ ಎಕೆಐ’ ಎನ್ನುತ್ತಾರೆ. ನೆಫ್ರೋಪತಿ ಎಂದರೆ ಕಿಡ್ನಿ ರೋಗ, ಎಕೆಐ ಎಂದರೆ ಕಿಡ್ನಿಗೆ ದಿಢೀರನೆ ಬೀಳುವ ಪೆಟ್ಟು. ಸುಮ್ನೆ ಹೆಸರು ಬದಲಾಯಿಸಿದ್ದಲ್ಲ. ಕಾಂಟ್ರಾಸ್ಟ್‌ನಿಂದಲೇ ಕಿಡ್ನಿಗೆ ಪೆಟ್ಟು ಬಿತ್ತು ಎನ್ನುತ್ತದೆ ಮೊದಲನೆಯದು. ಕೊಟ್ಟ ಮೇಲೆ ಪೆಟ್ಟು ಕಂಡಿತು, ಅಷ್ಟೇ ಎನ್ನುತ್ತದೆ ಎರಡನೆಯದು.

ಯಾಕೆ ಈ ಎಚ್ಚರ? ಸ್ಕ್ಯಾನ್ ಮಾಡಿಸಿಕೊಳ್ಳುವವರಲ್ಲಿ ಅನೇಕರು ಮೊದಲೇ ಸುಸ್ತಾದ ರೋಗಿಗಳು. ಸೋಂಕು, ಕಡಿಮೆ ಬಿಪಿ, ವಾಂತಿಭೇದಿ, ನೋವಿನ ಮಾತ್ರೆ, ಇವೆಲ್ಲ ಕ್ರಿಯಾಟಿನಿನ್ (ಕಿಡ್ನಿ ಸೋಸಿ ಹೊರಹಾಕುವ, ರಕ್ತದಲ್ಲಿರುವ ಕಸ) ಏರಿಸುತ್ತವೆ. ಕಾಂಟ್ರಾಸ್ಟ್ ಕೊಡದ ಒಳರೋಗಿಗಳಲ್ಲೂ ಅದು ಏರಿಳಿಯುತ್ತದೆ. ಹೋಲಿಸಿ ನೋಡುವ ಗುಂಪೇ ಇಲ್ಲದ ಹಳೆಯ ಅಧ್ಯಯನಗಳಲ್ಲಿ ಎಲ್ಲ ಏರಿಕೆಯ ತಪ್ಪೂ ಕಾಂಟ್ರಾಸ್ಟ್ ತಲೆಗೇ ಬಂತು.

ಎಕೆಐ ಗುರುತಿಸುವ ಅಳತೆ ಕಿಡ್ನಿ ರೋಗಗಳಿಗೆ ಮಾರ್ಗಸೂಚಿ ಕೊಡುವ ಅಂತರರಾಷ್ಟ್ರೀಯ ಸಂಸ್ಥೆ ಕೆಡಿಗೊ ಹೇಳಿದ್ದೇ: 48 ಗಂಟೆಯೊಳಗೆ ಕ್ರಿಯಾಟಿನಿನ್ ಡೆಸಿಲೀಟರ್‌ಗೆ 0.3 ಮಿಲಿಗ್ರಾಂ ಏರಬೇಕು, ಇಲ್ಲವೇ 7 ದಿನದೊಳಗೆ ಮೊದಲಿನ ಒಂದೂವರೆ ಪಟ್ಟಾಗಬೇಕು. ಮೂತ್ರ ಕಡಿಮೆಯಾದರೂ ಲೆಕ್ಕಕ್ಕೆ ಬರುತ್ತದೆ. ಆದರೆ ಇಲ್ಲಿ ಹೆಚ್ಚಿನವರಿಗೆ ಮೂತ್ರ ಚೆನ್ನಾಗಿಯೇ ಹೋಗುತ್ತಿರುತ್ತದೆ. ಹಾಗಾಗಿ ರಕ್ತ ನೋಡದೆ ಗೊತ್ತಾಗುವುದಿಲ್ಲ.

ಈಗ ಒಳಗೆ ಏನಾಗುತ್ತದೆ ನೋಡೋಣ. ನನಗೆ ತುಂಬ ಇಷ್ಟವಾದ ಭಾಗ ಇದು. ಕಿಡ್ನಿಗೆ ರಕ್ತ ಧಾರಾಳವಾಗಿ ಬರುತ್ತದೆ, ಆದರೆ ಅದರ ಬಹುಪಾಲು ಹೊರಪದರಕ್ಕೇ ಹೋಗುತ್ತದೆ. ಒಳಪದರವಾದ ಮೆಡುಲ್ಲಾಕ್ಕೆ ಸಿಗುವುದು ಸ್ವಲ್ಪ. ಮೂತ್ರ ತಯಾರಾಗುವ ಸಣ್ಣ ನಳಿಕೆಗಳಿಗೆ ಟ್ಯೂಬ್ಯೂಲ್ ಎನ್ನುತ್ತಾರೆ. ಮೆಡುಲ್ಲಾದಲ್ಲಿ ಅದು ಬಾಗಿ ತಿರುಗುವ ಹೆನ್ಲೆ ಲೂಪ್‌ನ ದಪ್ಪ ಭಾಗವೋ ಸೋಡಿಯಂ ಎಳೆದುಕೊಳ್ಳಲು ಸದಾ ದುಡಿಯುತ್ತಿರುತ್ತದೆ. ಅಂದರೆ ಕೆಲಸ ಜಾಸ್ತಿ, ಆಕ್ಸಿಜನ್ ಕಡಿಮೆ. ಆರೋಗ್ಯವಂತರಲ್ಲೂ ಈ ಜಾಗ ಅಂಚಿನಲ್ಲೇ ಬದುಕುತ್ತದೆ. ಕಾಂಟ್ರಾಸ್ಟ್ ಬಂದಾಗ ಎಂಡೋಥೀಲಿನ್, ಅಡಿನೋಸಿನ್ ಎಂಬ ಮೈಯದೇ ರಾಸಾಯನಿಕಗಳ ಪ್ರಭಾವದಿಂದ ರಕ್ತನಾಳಗಳು ಬಿಗಿಯುತ್ತವೆ. ಅಯೋಡಿನ್ ದ್ರಾವಣ ಟ್ಯೂಬ್ಯೂಲ್ ಕೋಶಗಳನ್ನು ನೇರವಾಗಿಯೂ ನೋಯಿಸುತ್ತದೆ. ಟ್ಯೂಬ್ಯೂಲ್‌ನಲ್ಲಿ ನೀರು ಮರಳಿ ಹೀರಲ್ಪಟ್ಟಂತೆ ಉಳಿದ ಕಾಂಟ್ರಾಸ್ಟ್ ಮಂದವಾಗಿ, ನಿಧಾನವಾಗಿ ಹರಿಯುತ್ತದೆ. ಕೋಶಕ್ಕೆ ಅದರ ಜೊತೆ ಕಳೆಯುವ ಹೊತ್ತು ಹೆಚ್ಚಾಗುತ್ತದೆ. ಮೈಯಲ್ಲಿ ನೀರು ಕಡಿಮೆ ಇದ್ದರೆ ಇದೆಲ್ಲ ಇನ್ನೂ ಕೆಡುತ್ತದೆ. ಸಲೈನ್ ಯಾಕೆ ಕೊಡುತ್ತಾರೆ ಎಂಬುದಕ್ಕೆ ಉತ್ತರ ಇಲ್ಲೇ ಸಿಕ್ಕಿತು, ಅಲ್ವಾ?

ಒಂದು ಹೆಸರು ದಾರಿ ತಪ್ಪಿಸುತ್ತದೆ. ‘ಲೋ ಆಸ್ಮೋಲಾರ್’ ಕಾಂಟ್ರಾಸ್ಟ್ ಎಂದರೆ ರಕ್ತಕ್ಕಿಂತ ತೆಳು ಅಲ್ಲ. ಹಳೆಯವಕ್ಕೆ ಹೋಲಿಸಿದರೆ ಮಾತ್ರ ಕಡಿಮೆ. ರಕ್ತದ ಆಸ್ಮೋಲಾಲಿಟಿ, ಅಂದರೆ ನೀರಿನಲ್ಲಿ ಕರಗಿರುವ ಕಣಗಳ ಸಾಂದ್ರತೆ, ಸುಮಾರು 290. ಐಯೋಹೆಕ್ಸಾಲ್‌ನಂಥ ಲೋ ಆಸ್ಮೋಲಾರ್ ಕಾಂಟ್ರಾಸ್ಟ್‌ಗಳು ಅದರ ಎರಡು ಮೂರು ಪಟ್ಟು ಇರುತ್ತವೆ. ರಕ್ತಕ್ಕೆ ಸಮನಾಗಿರುವುದು ಐಯೋಡಿಕ್ಸನಾಲ್ ಎಂಬ ಕಾಂಟ್ರಾಸ್ಟ್.

ಹಾಗಾದರೆ ಯಾರ ಬಗ್ಗೆ ಚಿಂತಿಸಬೇಕು? ಇಜಿಎಫ್ಆರ್ (ಕಿಡ್ನಿ ನಿಮಿಷಕ್ಕೆ ಎಷ್ಟು ಸೋಸುತ್ತದೆ ಎಂಬ ಅಂದಾಜು) 30ಕ್ಕಿಂತ ಕಡಿಮೆ ಇರುವವರು, ಈಗಾಗಲೇ ಎಕೆಐ ಆಗಿರುವವರು. ಅಮೆರಿಕದ ರೇಡಿಯಾಲಜಿ ಕಾಲೇಜು ಮತ್ತು ಕಿಡ್ನಿ ಫೌಂಡೇಶನ್ 2020ರಲ್ಲಿ ಸೇರಿ ಹೇಳಿದ್ದೂ ಇದನ್ನೇ. ಅಭಿಧಮನಿಯ (ವೇನ್) ಮೂಲಕ ಕೊಡುವ ಕಾಂಟ್ರಾಸ್ಟ್‌ಗೆ ಈ ಗಡಿ. ಅಪಧಮನಿಯಲ್ಲಿ ಕೊಟ್ಟು, ಅದು ಹೆಚ್ಚು ತೆಳುವಾಗದೆ ನೇರ ಕಿಡ್ನಿಗೆ ಹೋಗುವ ಪರೀಕ್ಷೆಗಳಲ್ಲಿ ಹುಷಾರು ಸ್ವಲ್ಪ ಹೆಚ್ಚಿರಲಿ.

ತಡೆಗಟ್ಟುವ ದಾರಿಗಳಲ್ಲಿ ನಿಂತಿರುವುದು ಸರಳವಾದವೇ. ಕಾಂಟ್ರಾಸ್ಟ್ ಆದಷ್ಟು ಕಡಿಮೆ ಬಳಸಿ. ಹತ್ತಿರ ಹತ್ತಿರದಲ್ಲಿ ಎರಡು ಸಲ ಕೊಡಬೇಡಿ. ನೋವಿನ ಮಾತ್ರೆ ನಿಲ್ಲಿಸಿ. ಅಪಾಯ ಇರುವವರಿಗೆ ಮೊದಲೂ ಆಮೇಲೂ 0.9% ಸಲೈನ್ ಕೊಡಿ. ಹೃದಯ ದುರ್ಬಲ ಇದ್ದವರಿಗೆ ಅಳೆದು ಕೊಡಿ, ಶ್ವಾಸಕೋಶಕ್ಕೆ ನೀರು ತುಂಬಬಾರದು. 2017ರ ಅಮಾಸಿಂಗ್ ಪ್ರಯೋಗದಲ್ಲಿ ಇಜಿಎಫ್ಆರ್ 30ರಿಂದ 59 ಇದ್ದ 660 ಜನರನ್ನು ನೋಡಿದರು. ಸಲೈನ್ ಕೊಡದೆ ಬಿಟ್ಟವರಿಗೆ ಏನೂ ಹೆಚ್ಚು ನಷ್ಟವಾಗಲಿಲ್ಲ. ಕೊಟ್ಟವರಲ್ಲಿ ಕೆಲವರಿಗೆ ಸಲೈನ್‌ನಿಂದಲೇ ತೊಂದರೆಯಾಯಿತು. ಆದ್ದರಿಂದ ಎಲ್ಲರಿಗೂ ಬಾಟಲಿ ಏರಿಸುವುದು ನನಗಂತೂ ಸರಿ ಕಾಣುವುದಿಲ್ಲ.

ಕಿಡ್ನಿ ಕಾಯುತ್ತದೆಂದು ಕೊಡುತ್ತಿದ್ದ ಎನ್-ಅಸಿಟೈಲ್‌ಸಿಸ್ಟೀನ್ ಎಂಬ ಔಷಧ? 2018ರ ಪ್ರಿಸರ್ವ್ ಪ್ರಯೋಗದಲ್ಲಿ ಸುಮಾರು 5,000 ಜನರಲ್ಲಿ ಅದು ಬರಿಯ ಪ್ಲಸೀಬೋಗಿಂತ (ಔಷಧವಿಲ್ಲದ ಹುಸಿ ಮಾತ್ರೆ) ಮೇಲಾಗಲಿಲ್ಲ. ಬೈಕಾರ್ಬೊನೇಟ್ ಕೂಡ ಸಲೈನ್‌ಗಿಂತ ಮೇಲಾಗಲಿಲ್ಲ. ಕಾಂಟ್ರಾಸ್ಟ್ ತೆಗೆಯಲೆಂದೇ ಡಯಾಲಿಸಿಸ್ ಮಾಡುವುದಿಲ್ಲ.

ಸಕ್ಕರೆ ಕಾಯಿಲೆಯ ಮಾತ್ರೆ ಮೆಟ್‌ಫಾರ್ಮಿನ್ ವಿಷಯದಲ್ಲಿ ಬಹಳ ಜನ ಎಡವುತ್ತಾರೆ. ಅದು ಕಿಡ್ನಿಗೆ ಹಾನಿ ಮಾಡುವುದಿಲ್ಲ. ಕಿಡ್ನಿ ಕೈಕೊಟ್ಟರೆ ಅದು ಮೈಯಲ್ಲಿ ಉಳಿದು ಲ್ಯಾಕ್ಟಿಕ್ ಆಸಿಡೋಸಿಸ್ (ರಕ್ತದಲ್ಲಿ ಲ್ಯಾಕ್ಟಿಕ್ ಆಮ್ಲ ಏರುವುದು) ಆಗಬಹುದೆಂಬ ಭಯ. ಅಪಾಯ ಇರುವವರಲ್ಲಿ ಸ್ಕ್ಯಾನ್ ಹೊತ್ತಿಗೆ ನಿಲ್ಲಿಸಿ, 48 ಗಂಟೆ ಬಿಟ್ಟು ಕಿಡ್ನಿ ಸರಿಯಿದೆಯೆಂದು ನೋಡಿ ಮತ್ತೆ ಶುರು ಮಾಡುತ್ತಾರೆ.

ಮಹಾಪಧಮನಿ ಸೀಳಿದೆ, ಪಾರ್ಶ್ವವಾಯು ಹೊಡೆದಿದೆ ಎಂಬ ಅನುಮಾನವಿದ್ದಾಗ ಕ್ರಿಯಾಟಿನಿನ್ ವರದಿಗೆ ಕಾಯುತ್ತಾ ಕೂರಬಾರದು. ಅಲ್ಲಿ ತಡವೇ ದೊಡ್ಡ ಅಪಾಯ.

ಕೊನೆಗೆ ದಿನಗಳ ಲೆಕ್ಕ. ಕಾಂಟ್ರಾಸ್ಟ್‌ನ ಪೆಟ್ಟಾದರೆ ಕ್ರಿಯಾಟಿನಿನ್ 1-2 ದಿನದಲ್ಲಿ ಏರಲು ಶುರುವಾಗಿ, 3-5 ದಿನಕ್ಕೆ ತುದಿ ಮುಟ್ಟಿ, ಸಾಮಾನ್ಯವಾಗಿ ಎರಡು ವಾರದೊಳಗೆ ಇಳಿಯುತ್ತದೆ. ಆಂಜಿಯೋಗ್ರಾಮ್ ಆಗಿ ವಾರ ಕಳೆದರೂ ಏರುತ್ತಲೇ ಇದೆಯೇ? ಕಾಲಿನ ಚರ್ಮದಲ್ಲಿ ಬಲೆಯಂಥ ನೇರಳೆ ಗೆರೆ, ಬೆರಳಲ್ಲಿ ನೀಲಿ ಬಣ್ಣ, ರಕ್ತದಲ್ಲಿ ಇಯೋಸಿನೋಫಿಲ್ (ಒಂದು ಬಗೆಯ ಬಿಳಿ ರಕ್ತಕಣ) ಹೆಚ್ಚಳ ಹುಡುಕಿ. ಕ್ಯಾಥೆಟರ್ ತಾಗಿ ಕಳಚಿದ ಕೊಲೆಸ್ಟ್ರಾಲ್ ಚೂರುಗಳು ಕಿಡ್ನಿಯ ಸಣ್ಣ ನಾಳಗಳಲ್ಲಿ ಸಿಕ್ಕಿಕೊಂಡಿರಬಹುದು.