ಮೈನಸ್ 196 ಡಿಗ್ರಿಯ ಪೇಷಂಟುಗಳು

ಅಮೆರಿಕದ ಅರಿಜೋನಾ ರಾಜ್ಯದಲ್ಲಿ ಸ್ಕಾಟ್ಸ್‌ಡೇಲ್ ಅಂತ ಒಂದು ಊರಿದೆ. ಅಲ್ಲಿ ಆಲ್ಕೋರ್ ಎಂಬ ಸಂಸ್ಥೆಯ ಕಟ್ಟಡದಲ್ಲಿ ಆಳೆತ್ತರ ಮೀರಿದ ಸ್ಟೀಲ್ ಟ್ಯಾಂಕುಗಳು ಸಾಲಾಗಿ ನಿಂತಿವೆ. ಥರ್ಮಾಸ್ ಫ್ಲಾಸ್ಕಿನದೇ ತತ್ವ, ಕರೆಂಟ್ ಬೇಕಿಲ್ಲ. ಒಳಗೆ ಮೈನಸ್ 196 ಡಿಗ್ರಿ ಸೆಲ್ಸಿಯಸ್‌ನ ದ್ರವ ನೈಟ್ರೋಜನ್. ಮುಂದೆಂದಾದರೂ ವಿಜ್ಞಾನ ಮತ್ತೆ ಬದುಕಿಸೀತು ಎಂಬ ಆಸೆಯಲ್ಲಿ, ಅದರಲ್ಲಿ ಮನುಷ್ಯರು ತಲೆಕೆಳಗಾಗಿ ಮುಳುಗಿದ್ದಾರೆ. ಯಾಕೆ ತಲೆಕೆಳಗು ಅಂದರೆ, ನೈಟ್ರೋಜನ್ ಆವಿಯಾಗಿ ಮಟ್ಟ ಇಳಿದರೂ ಮೊದಲು ಬೆಚ್ಚಗಾಗುವುದು ಕಾಲಾಗಲಿ, ಮಿದುಳು ಕೊನೆಯವರೆಗೂ ತಣ್ಣಗಿರಲಿ ಅಂತ.

ಇವರೆಲ್ಲರ ಡೆತ್ ಸರ್ಟಿಫಿಕೇಟ್ ಆಗಿದೆ. ಆದರೆ ಆ ಕಟ್ಟಡದಲ್ಲಿ ಯಾರೂ ಶವ ಅನ್ನುವುದಿಲ್ಲ, ಪೇಷಂಟ್ ಅನ್ನುತ್ತಾರೆ. ಟ್ಯಾಂಕುಗಳಿರುವ ಜಾಗಕ್ಕೆ ಪೇಷಂಟ್ ಕೇರ್ ಬೇ ಅಂತ ಹೆಸರು. ಇಡೀ ದೇಹ ಬೇಡ, ತಲೆಯೊಂದಿದ್ದರೆ ಸಾಕು ಅಂದವರು ನ್ಯೂರೋ ಪೇಷಂಟ್. ಬೇರ್ಪಡಿಸಿದ ತಲೆಗೆ ಸೆಫಲಾನ್ ಎಂಬ ಪದ. ಸಾವಿಗೆ ಇವರ ಬಳಗದಲ್ಲಿ 'ಡಿಅನಿಮೇಟ್ ಆಗುವುದು' ಅನ್ನುವ ಮಾತೂ ಚಾಲ್ತಿಯಲ್ಲಿತ್ತು.

ನಗು ಬರುತ್ತೆ, ಅಲ್ವಾ? ನಾವೂ ಕಡಿಮೆಯೇನಿಲ್ಲ ಬಿಡಿ. ಪೇಪರಿನ ಶ್ರದ್ಧಾಂಜಲಿ ಪುಟ ತೆಗೆದು ನೋಡಿ, ಅಲ್ಲಿ ಸತ್ತವರು ಒಬ್ಬರೂ ಸಿಗುವುದಿಲ್ಲ. ಒಬ್ಬರು ಲಿಂಗೈಕ್ಯ, ಇನ್ನೊಬ್ಬರು ವೈಕುಂಠವಾಸಿ, ಮತ್ತೊಬ್ಬರು ದೈವಾಧೀನ. ಆದರೆ ವೈಕುಂಠವಾಸಿ ಎಂದು ಅಚ್ಚು ಹಾಕಿಸಿದವರು ಅದನ್ನು ಲ್ಯಾಬಿನಲ್ಲಿ ಸಾಬೀತು ಮಾಡುತ್ತೇವೆ ಅಂತ ಹೊರಡುವುದಿಲ್ಲ. ಪೇಷಂಟ್ ಅನ್ನುವ ಮಾತಿನಲ್ಲಿ ಮಾತ್ರ ಒಂದು ವೈಜ್ಞಾನಿಕ ಪ್ರತಿಪಾದನೆ ಅಡಗಿದೆ: ಈ ಕಾಯಿಲೆಗೆ ಔಷಧಿ ಇದೆ, ಡಾಕ್ಟರ್ ಇನ್ನೂ ಹುಟ್ಟಿಲ್ಲ ಅಷ್ಟೇ.

ಮನುಷ್ಯನ ದೇಹ, ಬುದ್ಧಿ, ಆಯಸ್ಸು ಈಗಿರುವಲ್ಲೇ ನಿಲ್ಲಬೇಕಿಲ್ಲ, ತಂತ್ರಜ್ಞಾನದಿಂದ ಅವನ್ನು ದಾಟಬಹುದು, ದಾಟಲೇಬೇಕು ಎನ್ನುವ ವಿಚಾರಕ್ಕೆ ಟ್ರಾನ್ಸ್‌ಹ್ಯೂಮನಿಸಂ ಅನ್ನುತ್ತಾರೆ. ಆ ಟ್ಯಾಂಕುಗಳ ಹಿಂದಿರುವುದೂ ಇದೇ ವಿಚಾರ. ಈ ವಿಚಾರವನ್ನು ಸುಮ್ನೆ ತಳ್ಳಿಹಾಕುವಂತಿಲ್ಲ. ನನ್ನ ತಕರಾರು ಅದರ ಪದಕೋಶದ ಮೇಲೆ. ಇನ್ನೂ ಆಗದ ಕೆಲಸಕ್ಕೆ ಆಗಿಹೋದ ಕೆಲಸದ ಹೆಸರಿಟ್ಟುಬಿಟ್ಟಿದ್ದಾರೆ.

ಟ್ರಾನ್ಸ್‌ಹ್ಯೂಮನಿಸಂ ಎಂಬ ಪದವನ್ನು ಹೆಚ್ಚು ಜನರಿಗೆ ಮುಟ್ಟಿಸಿದ್ದು 1957ರ ಒಂದು ಪ್ರಬಂಧ. ಬರೆದವರು ಬ್ರಿಟಿಷ್ ಜೀವವಿಜ್ಞಾನಿ ಜೂಲಿಯನ್ ಹಕ್ಸ್‌ಲಿ, ಯುನೆಸ್ಕೋದ ಮೊದಲ ಮಹಾನಿರ್ದೇಶಕರು. ಅವರ ತಲೆಯಲ್ಲಿದ್ದದ್ದು ಫ್ರೀಜರೂ ಅಲ್ಲ, ಕಂಪ್ಯೂಟರ್ ಚಿಪ್ಪೂ ಅಲ್ಲ, ಇಡೀ ಮನುಷ್ಯಕುಲ ತನ್ನ ಮಿತಿ ದಾಟಬೇಕು ಅನ್ನುವ ಆಸೆ. ಒಳ್ಳೆಯ ಆಸೆಯೇ. ಆದರೆ ಇದೇ ಹಕ್ಸ್‌ಲಿ 1959ರಿಂದ 62ರವರೆಗೆ ಬ್ರಿಟನ್ನಿನ ಯುಜೆನಿಕ್ಸ್ ಸೊಸೈಟಿಯ ಅಧ್ಯಕ್ಷರೂ ಆಗಿದ್ದರು. ಯಾರು ಹೆರಬೇಕು, ಯಾರು ಹೆರಬಾರದು ಅಂತ ಲೆಕ್ಕ ಹಾಕುತ್ತಿದ್ದ ಚಳವಳಿ ಅದು. 'ಉತ್ತಮ ಮನುಷ್ಯ' ಅಂತ ಯಾರಾದರೂ ಹೇಳಿದಾಗ ಯಾರಿಗಿಂತ ಉತ್ತಮ ಅಂತ ಕೇಳುವ ಅಭ್ಯಾಸ ಇಟ್ಟುಕೊಳ್ಳುವುದು ಒಳ್ಳೆಯದು.

ಹಕ್ಸ್‌ಲಿಯ ಗೆಳೆಯ, ಜೀವವಿಜ್ಞಾನಿ ಜೆ.ಬಿ.ಎಸ್. ಹಾಲ್ಡೇನ್ ಅದಕ್ಕೂ ಮುಂಚೆ, 1923ರಲ್ಲೇ, ಕೇಂಬ್ರಿಜ್‌ನ ಒಂದು ಭಾಷಣದಲ್ಲಿ ಗರ್ಭದ ಹೊರಗೆ ಮಗು ಬೆಳೆಸುವ ಮಾತಾಡಿ ಅದಕ್ಕೆ ಎಕ್ಟೋಜೆನೆಸಿಸ್ ಅಂತ ಹೆಸರಿಟ್ಟಿದ್ದರು. ಅವರ ಕಥೆ ನಮ್ಮ ದೇಶದಲ್ಲೇ ಮುಗಿಯಿತು. 1957ರಲ್ಲಿ ಭಾರತಕ್ಕೆ ಬಂದು, ಇಲ್ಲಿಯ ಪೌರರಾಗಿ, 1964ರಲ್ಲಿ ಭುವನೇಶ್ವರದಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡರು. ಸಾಯುವ ಮುಂಚೆ ತಮ್ಮ ಕ್ಯಾನ್ಸರ್ ಬಗ್ಗೆಯೇ ತಮಾಷೆಯ ಪದ್ಯ ಬರೆದ ಆಸಾಮಿ. ದೇಹವನ್ನು ಕಾಕಿನಾಡದ ಮೆಡಿಕಲ್ ಕಾಲೇಜಿಗೆ ಬರೆದುಕೊಟ್ಟಿದ್ದರು.

ಈಗ ನಾವು ಕೇಳುವ ಭಾಷೆ ಹುಟ್ಟಿದ್ದು ಇವರಿಂದಲ್ಲ, ಅಮೆರಿಕದಲ್ಲಿ. ಇರಾನಿನ ರಾಜತಾಂತ್ರಿಕರೊಬ್ಬರ ಮಗ ಎಫ್.ಎಂ. ಇಸ್ಫಂದಿಯಾರಿ 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಇರಾನ್ ಪರ ಬಾಸ್ಕೆಟ್‌ಬಾಲ್ ಆಡಿದ್ದ. ಆಮೇಲೆ ನ್ಯೂಯಾರ್ಕ್ ಸೇರಿ, ಲೇಖಕನಾಗಿ, ಕೊನೆಗೆ ಹೆಸರನ್ನೇ ಎಫ್.ಎಂ.-2030 ಅಂತ ಬದಲಿಸಿಕೊಂಡ. ಹುಟ್ಟಿದ್ದು 1930ರಲ್ಲಿ; 2030ಕ್ಕೆ ನೂರು ತುಂಬುತ್ತದೆ, ಅಷ್ಟರಲ್ಲಿ ಸಾವು ಐಚ್ಛಿಕವಾಗಿರುತ್ತದೆ ಅನ್ನುವ ಭರವಸೆ. ಆತನ ಪ್ರಕಾರ ಟ್ರಾನ್ಸ್‌ಹ್ಯೂಮನ್ ಅಂದರೆ ನಡುವಿನ ಮನುಷ್ಯ, ಇಂದಿನವನಿಗೂ ಮುಂದೆ ಬರುವವನಿಗೂ ಸೇತುವೆ. 2000ದಲ್ಲಿ, 69ನೇ ವಯಸ್ಸಿಗೆ, ಪ್ಯಾಂಕ್ರಿಯಾಸ್ ಕ್ಯಾನ್ಸರ್ ಆತನನ್ನು ಕೊಂಡೊಯ್ದಿತು. ಈಗ ಸ್ಕಾಟ್ಸ್‌ಡೇಲ್‌ನ ಪೇಷಂಟು.

ಹೆಸರು ಬದಲಿಸುವುದು ಈ ಬಳಗದಲ್ಲಿ ಒಂದು ದೀಕ್ಷೆಯ ಥರ. ಬ್ರಿಟನ್ನಿನಿಂದ ಬಂದ ಮ್ಯಾಕ್ಸ್ ಓಕಾನರ್ ಎಂಬ ತತ್ವಶಾಸ್ತ್ರದ ವಿದ್ಯಾರ್ಥಿ ಮ್ಯಾಕ್ಸ್ ಮೋರ್ ಆದ. ಇನ್ನೂ ಬೇಕು, ಇನ್ನೂ ಬೇಕು ಅನ್ನುವ ಅರ್ಥದ ಮೋರ್. ಅವನ ಗೆಳೆಯ ಟಾಮ್ ಬೆಲ್, ನಾಳೆ ಅನ್ನುವ ಅರ್ಥ ಬರುವಂತೆ ಟಿ.ಒ. ಮಾರೋ ಆದ. ಇಬ್ಬರೂ ಸೇರಿ 1988ರಲ್ಲಿ ಎಕ್ಸ್‌ಟ್ರೋಪಿ ಎಂಬ ಪತ್ರಿಕೆ ಶುರು ಮಾಡಿದರು. ಎಂಟ್ರೋಪಿ, ಅಂದರೆ ಅವ್ಯವಸ್ಥೆಯ ಪ್ರಮಾಣ, ಭೌತವಿಜ್ಞಾನದ ಪದ, ಅದಕ್ಕೆ ಲೆಕ್ಕವಿದೆ, ಕೆಲ್ವಿನ್‌ಗೆ ಇಷ್ಟು ಜೂಲ್ ಅಂತ ಅಳತೆಯಿದೆ. ಅದರ ವಿರುದ್ಧಾರ್ಥಕ್ಕೆ ಕಟ್ಟಿದ ಎಕ್ಸ್‌ಟ್ರೋಪಿಗೆ ಯಾವ ಅಳತೆಯೂ ಇಲ್ಲ. ಅದೊಂದು ರೂಪಕ ಅಷ್ಟೇ ಅಂತ ಅವರೇ ಒಪ್ಪಿದ್ದಾರೆ. ಆದರೂ ಕಿವಿಗೆ ಬೀಳುವಾಗ ನಿಯಮದ ಹಾಗೆ ಬೀಳುತ್ತದೆ, ನೋಡಿ.

ಇದೇ ಜಾತಿಯ ಇನ್ನೊಂದು ಪದ ಲಾಂಜೆವಿಟಿ ಎಸ್ಕೇಪ್ ವೆಲಾಸಿಟಿ. ಆಬ್ರಿ ಡಿ ಗ್ರೇ ಇದನ್ನು ಜನಪ್ರಿಯ ಮಾಡಿದ ಸಂಶೋಧಕ. ನೀವು ಒಂದು ವರ್ಷ ಬದುಕುವಷ್ಟರಲ್ಲಿ ವಿಜ್ಞಾನ ನಿಮ್ಮ ಆಯಸ್ಸಿಗೆ ಒಂದು ವರ್ಷಕ್ಕಿಂತ ಜಾಸ್ತಿ ಸೇರಿಸಿದರೆ ಮುಪ್ಪು ನಿಮ್ಮನ್ನು ಹಿಡಿಯಲಾರದು ಅನ್ನುವುದು ಲೆಕ್ಕ. ಎಸ್ಕೇಪ್ ವೆಲಾಸಿಟಿ ರಾಕೆಟ್ಟಿನವರ ಮಾತು: ಭೂಮಿಯಿಂದ ತಪ್ಪಿಸಿಕೊಳ್ಳಲು ಸೆಕೆಂಡಿಗೆ 11.2 ಕಿಲೋಮೀಟರ್ ವೇಗ ಬೇಕು. ಆ ಸಂಖ್ಯೆ ನಮಗೆ ಗೊತ್ತು, ಅದನ್ನು ಮೀರಿದ ನೌಕೆಗಳೂ ಇವೆ. ಆಯಸ್ಸಿನ ವಿಚಾರದಲ್ಲಿ ಅಂಥದ್ದೇನೂ ನಡೆದಿಲ್ಲ. ಸ್ವಾತಂತ್ರ್ಯ ಬಂದಾಗ ಭಾರತೀಯರ ಸರಾಸರಿ ಆಯಸ್ಸು 32ರ ಆಸುಪಾಸು, ಈಗ 70ರ ಹತ್ತಿರ. ದೊಡ್ಡ ಸಾಧನೆ, ಅನುಮಾನವೇ ಇಲ್ಲ. ಆದರೆ ಅದರ ಬಹುಪಾಲು ಬಂದಿದ್ದು ಮಕ್ಕಳು ಸಾಯುವುದು ಕಡಿಮೆಯಾಗಿ, ಲಸಿಕೆ, ಶುದ್ಧ ನೀರು, ಆಂಟಿಬಯಾಟಿಕ್ ಸಿಕ್ಕಿ. ಮುದುಕರ ಗಡಿ ಅಷ್ಟೇನೂ ಆಚೆ ಹೋಗಿಲ್ಲ. ದಾಖಲೆಯಿರುವ ಅತಿ ದೀರ್ಘ ಆಯಸ್ಸು ಫ್ರಾನ್ಸಿನ ಜೀನ್ ಕಾಲ್ಮೆಂಟ್ ಅವರದು, 122 ವರ್ಷ. ಅವರು ತೀರಿಕೊಂಡದ್ದು 1997ರಲ್ಲಿ. ಇವತ್ತಿಗೂ ಆ ದಾಖಲೆ ಯಾರೂ ಮುರಿದಿಲ್ಲ.

ಸಿಂಗ್ಯುಲಾರಿಟಿಯ ಕಥೆ ಎಲ್ಲರೂ ಕೇಳಿದ್ದೀರಿ, ಹಾಗಾಗಿ ಚುಟುಕಾಗಿ ಮುಗಿಸುತ್ತೇನೆ. ಗಣಿತದಲ್ಲಿ ಲೆಕ್ಕ ಕೈಕೊಡುವ ಬಿಂದುವಿಗೆ ಇರುವ ಹೆಸರದು. ಗಣಿತದ ಪ್ರೊಫೆಸರ್ ವರ್ನರ್ ವಿಂಜ್ 1993ರಲ್ಲಿ ಅದನ್ನು ಯಂತ್ರಬುದ್ಧಿಗೆ ಅಂಟಿಸಿ, 30 ವರ್ಷದೊಳಗೆ ಮನುಷ್ಯನನ್ನು ಮೀರಿದ ಬುದ್ಧಿ ಸೃಷ್ಟಿಸುವ ಸಾಧನಗಳು ಕೈಗೆ ಬರುತ್ತವೆ, ಆಮೇಲೆ ಮನುಷ್ಯರ ಯುಗ ಮುಗಿಯುತ್ತದೆ ಅಂದರು. 2023 ಬಂತು, ಹೋಯಿತು. ಚಾಟ್‌ಬಾಟ್‌ಗಳು ಬಂದವು. ಅಮೆರಿಕದ ಸಂಶೋಧಕ ರೇ ಕರ್ಜ್‌ವೈಲ್ ಸಿಂಗ್ಯುಲಾರಿಟಿ ಬರುವುದು 2045ಕ್ಕೆ ಅನ್ನುತ್ತಿದ್ದಾರೆ.

ಅಪ್‌ಲೋಡ್ ಅನ್ನುವ ಪದದ ಹತ್ತಿರ ಸ್ವಲ್ಪ ನಿಲ್ಲಬೇಕು. ಫೋಟೋ ಅಪ್‌ಲೋಡ್ ಮಾಡಿದ ಹಾಗೆ ಮನಸ್ಸನ್ನೂ ಕಂಪ್ಯೂಟರಿಗೆ ಏರಿಸಬಹುದು ಅನ್ನುತ್ತಾರೆ. ಒಂದು ಮಿಲಿಮೀಟರ್ ಉದ್ದದ ಸಿ. ಎಲೆಗನ್ಸ್ ಎಂಬ ಹುಳು ಇದೆ. ಅದರ ಸಾಮಾನ್ಯ ರೂಪದಲ್ಲಿ ಇರುವುದು ಬರೀ 302 ನರಕೋಶ. ಯಾವ ನರ ಯಾವುದಕ್ಕೆ ತಗುಲಿದೆ ಅನ್ನುವ ನಕ್ಷೆ 1986ರಲ್ಲೇ ಪ್ರಕಟವಾಗಿದೆ. ಆದರೂ ಆ ಹುಳುವಿನ ಹಾಗೆ ಪೂರ್ತಿಯಾಗಿ ಬದುಕುವ, ಕಲಿಯುವ, ಮರೆಯುವ ಕಂಪ್ಯೂಟರ್ ಹುಳು ಇನ್ನೂ ಬಂದಿಲ್ಲ. ತಂತಿ ಎಲ್ಲಿಗೆ ಹೋಗುತ್ತದೆ ಅಂತ ತಿಳಿದರೆ ಸಾಲದು. ಯಾವ ಜೋಡಣೆ ಎಷ್ಟು ಬಲವಾಗಿದೆ, ಯಾವ ರಾಸಾಯನಿಕ ಯಾವಾಗ ಅದರ ಸ್ವಭಾವ ಬದಲಿಸುತ್ತದೆ ಅನ್ನುವುದೂ ಬೇಕು. 2024ರಲ್ಲಿ ಹಣ್ಣುನೊಣದ ಇಡೀ ಮಿದುಳಿನ ನಕ್ಷೆ ಬಂತು: ಸುಮಾರು 1,39,000 ನರಕೋಶ, 5 ಕೋಟಿಗೂ ಹೆಚ್ಚು ಜೋಡಣೆ. ಅದ್ಭುತ ಕೆಲಸ. ನಮ್ಮ ತಲೆಯಲ್ಲಿರುವುದು ಸುಮಾರು 8,600 ಕೋಟಿ ನರಕೋಶ.

ಮತ್ತೆ ಟ್ಯಾಂಕಿನ ಹತ್ತಿರ ಬರೋಣ, ಯಾಕೆಂದರೆ ಪದವನ್ನು ಪರೀಕ್ಷೆಗೆ ಒಡ್ಡಲು ಒಂದು ವಸ್ತು ಅಂತ ಇರುವುದು ಅಲ್ಲೇ. ಮೊದಲು ಹೀಗೆ ತಣ್ಣಗಾದವರು ಜೇಮ್ಸ್ ಬೆಡ್‌ಫರ್ಡ್ ಎಂಬ ಮನೋವಿಜ್ಞಾನದ ಪ್ರೊಫೆಸರ್, 1967ರ ಜನವರಿ 12ರಂದು, ಕ್ಯಾಲಿಫೋರ್ನಿಯಾದಲ್ಲಿ. ಅವರ ದೇಹ ಈಗಲೂ ಇದೆ. ಎಲ್ಲರ ಅದೃಷ್ಟ ಹಾಗಿರಲಿಲ್ಲ. ಅದೇ ರಾಜ್ಯದ ಚಾಟ್ಸ್‌ವರ್ತ್ ಎಂಬಲ್ಲಿ ಸ್ಮಶಾನದ ನೆಲಮಾಳಿಗೆಯಲ್ಲಿ ಇಟ್ಟಿದ್ದ ಒಂಬತ್ತು ದೇಹಗಳು ದುಡ್ಡಿಲ್ಲದೆ, ನೈಟ್ರೋಜನ್ ತುಂಬುವವರಿಲ್ಲದೆ ಕರಗಿ ಕೊಳೆತುಹೋಗಿದ್ದು 1979ರಲ್ಲಿ ಬಯಲಾಯಿತು. ಅವರೂ ಮರಳಿ ಬರುವ ನಂಬಿಕೆಯಲ್ಲೇ ಹೋದವರು.

ನೈಟ್ರೋಜನ್ ಸರಿಯಾಗಿ ತುಂಬಿದರೂ ತೊಂದರೆ ತಪ್ಪಿದ್ದಲ್ಲ. ನೀರು ಹೆಪ್ಪುಗಟ್ಟಿದಾಗ ಹರಳಾಗುತ್ತದೆ. ಹರಳು ಜೀವಕೋಶಗಳನ್ನು ಹಿಂಡುತ್ತದೆ, ಹರಿದುಹಾಕುತ್ತದೆ. ಅದಕ್ಕೇ ಈಗ ರಕ್ತ ತೆಗೆದು, ಹಿಮ ಕಟ್ಟದಂತೆ ತಡೆಯುವ ರಾಸಾಯನಿಕ ತುಂಬಿ, ಹರಳಾಗದೆ ಗಾಜಿನಂತೆ ಗಟ್ಟಿಯಾಗಿಸುತ್ತಾರೆ. ಇದಕ್ಕೆ ವಿಟ್ರಿಫಿಕೇಶನ್ ಅನ್ನುತ್ತಾರೆ, ಇದು ಕಟ್ಟುಕಥೆಯಲ್ಲ. ಬೆಂಗಳೂರಿನ ಐವಿಎಫ್ ಕೇಂದ್ರಗಳಲ್ಲಿ ಭ್ರೂಣಗಳನ್ನು ಇದೇ ವಿಧಾನದಲ್ಲಿ ಇಡುತ್ತಾರೆ, ಅವೇ ಭ್ರೂಣಗಳಿಂದ ಮಕ್ಕಳು ಹುಟ್ಟಿ ಶಾಲೆಗೂ ಹೋಗುತ್ತಿವೆ. ಆದರೆ ಆ ಭ್ರೂಣದಲ್ಲಿರುವುದು ಬೆರಳೆಣಿಕೆಯಿಂದ ಹಿಡಿದು ನೂರಿನ್ನೂರು ಜೀವಕೋಶ. ಕ್ಷಣದಲ್ಲಿ ತಣ್ಣಗಾಗುತ್ತದೆ, ಕ್ಷಣದಲ್ಲಿ ಬಿಸಿಯಾಗುತ್ತದೆ. ದೊಡ್ಡ ಅಂಗದಲ್ಲಿ ಹೊರಗೂ ಒಳಗೂ ಒಂದೇ ವೇಗದಲ್ಲಿ ಶಾಖ ಹರಿಯುವುದಿಲ್ಲ, ಗಾಜಾದ ಭಾಗ ಬಿರುಕು ಬಿಡುತ್ತದೆ. ರಾಸಾಯನಿಕದ ವಿಷ ಬೇರೆ. 2023ರಲ್ಲಿ ಮಿನ್ನೆಸೋಟಾ ವಿಶ್ವವಿದ್ಯಾಲಯದವರು ಇಲಿಯ ಕಿಡ್ನಿಯನ್ನು 100 ದಿನದವರೆಗೂ ಹೀಗೆ ಇಟ್ಟು, ಕಬ್ಬಿಣದ ಆಕ್ಸೈಡಿನ ನ್ಯಾನೋ ಕಣಗಳಿಂದ ಸಮನಾಗಿ ಬಿಸಿ ಮಾಡಿ, ಮತ್ತೆ ಇಲಿಗೆ ಕೂಡಿಸಿದರು, ಅದು ಕೆಲಸ ಮಾಡಿತು. ಸದ್ಯಕ್ಕೆ ನಾವಿರುವುದು ಇಲಿಯ ಕಿಡ್ನಿಯ ಹತ್ತಿರ. ಇಡೀ ಮನುಷ್ಯ ಬಹಳ ದೂರ.

ಇಷ್ಟಾದರೂ ಈ ಬಳಗದ ಒಂದು ಪದ ನನಗೆ ನಿಜಕ್ಕೂ ಇಷ್ಟ. ಕಂಪ್ಯೂಟರ್ ವಿಜ್ಞಾನಿ ರಾಲ್ಫ್ ಮರ್ಕಲ್ ಕೊಟ್ಟಿದ್ದು: ಮಾಹಿತಿಯ ದೃಷ್ಟಿಯ ಸಾವು. ಹರಿದ ಪುಸ್ತಕವನ್ನು ಜೋಡಿಸಬಹುದು, ಸುಟ್ಟು ಬೂದಿ ಕಲಸಿಬಿಟ್ಟರೆ ಆಗುವುದಿಲ್ಲ. ಮಿದುಳಿನಲ್ಲೂ ನೆನಪಿನ ರಚನೆ ಹಾಗೆ ಕಲಸಿಹೋದಾಗಲೇ ನಿಜವಾದ ಸಾವು ಅನ್ನುತ್ತಾನೆ ಮರ್ಕಲ್. ತಲೆಹರಟೆ ವಾದವಲ್ಲ ಇದು. ಹೃದಯ ನಿಂತರೆ ಮುಗಿಯಿತು ಅಂತಿದ್ದ ಕಾಲ ಹೋಗಿ, 1960ರ ಹೊತ್ತಿಗೆ ಎದೆ ಒತ್ತಿ ಉಳಿಸುವ ಸಿಪಿಆರ್ ಬಂತು. 1968ರಲ್ಲಿ ಹಾರ್ವರ್ಡ್ ಸಮಿತಿ ಮಿದುಳಿನ ಸಾವನ್ನು ವ್ಯಾಖ್ಯಾನಿಸಿತು. ನಮ್ಮಲ್ಲಿ 1994ರ ಅಂಗಾಂಗ ಕಸಿ ಕಾಯ್ದೆ ಅದನ್ನು ಒಪ್ಪಿತು. ಇವತ್ತು ಕರ್ನಾಟಕದಲ್ಲಿ ಜೀವಸಾರ್ಥಕತೆ ಎಂಬ ಅಂಗದಾನ ಸಂಸ್ಥೆಯ ಮೂಲಕ ಹೃದಯವೊಂದು ಊರಿಂದೂರಿಗೆ ಆಂಬುಲೆನ್ಸಿನಲ್ಲಿ ಓಡುವುದು ಸಾವಿನ ಗೆರೆ ಹೀಗೆ ಜರುಗಿದ್ದರಿಂದಲೇ. ಆದರೆ ಗಮನಿಸಿ, ಹೃದಯ ನಿಂತವನನ್ನು ಪೇಷಂಟ್ ಅಂತ ಕರೆಯಲು ಹಕ್ಕು ಬಂದಿದ್ದು ಸಿಪಿಆರ್ ಕೆಲಸ ಮಾಡಿದ ಮೇಲೆ. ಇಲ್ಲಿ ಹೆಸರು ಮೊದಲು ಬಂದುಬಿಟ್ಟಿದೆ.

ಕಾನೂನಿನ ಭಾಷೆಯಲ್ಲಿ ಈ ಪೇಷಂಟುಗಳು ಏನು ಗೊತ್ತಾ? ದೇಹದಾನಿಗಳು. ಶವವನ್ನು ಸಂಶೋಧನೆಗೆ ಕೊಡುವ ಕಾಯ್ದೆಯಡಿಯಲ್ಲೇ ಆಲ್ಕೋರ್ ದೇಹ ಪಡೆಯುತ್ತದೆ. ಕಾಗದದ ಮೇಲೆ ಎಫ್.ಎಂ.-2030 ಮಾಡಿದ್ದೂ ಹಾಲ್ಡೇನ್ ಮಾಡಿದ್ದೂ ಒಂದೇ ಜಾತಿಯ ಕೆಲಸ. ಹಾಲ್ಡೇನ್ ಅವರದು ಪುಕ್ಕಟೆ. ಇಲ್ಲಿ ಇಡೀ ದೇಹಕ್ಕೆ 2 ಲಕ್ಷ ಡಾಲರ್ ಮೇಲೆ. ಹೆಚ್ಚಿನವರು ಲೈಫ್ ಇನ್ಶೂರೆನ್ಸ್‌ನಿಂದ ಕಟ್ಟುತ್ತಾರೆ.

ಇದನ್ನೆಲ್ಲ ಪ್ರಶ್ನಿಸಿದರೆ ನಿಮಗೂ ಒಂದು ಹೆಸರು ಸಿಗುತ್ತದೆ: ಡೆತಿಸ್ಟ್, ಅಂದರೆ ಸಾವಿನ ವಕೀಲ. ಎದುರು ಪಾಳಯವೂ ಸುಮ್ಮನಿಲ್ಲ. ಯಂತ್ರಬುದ್ಧಿಯ ಸಂಶೋಧಕಿ ಟಿಮ್ನಿಟ್ ಗೆಬ್ರು ಮತ್ತು ತತ್ವಶಾಸ್ತ್ರಜ್ಞ ಎಮಿಲ್ ಟೋರೆಸ್ ಟ್ರಾನ್ಸ್‌ಹ್ಯೂಮನಿಸಂ ಜೊತೆ ಇನ್ನೂ ಆರು ವಾದಗಳನ್ನು ಸೇರಿಸಿ, ಅವುಗಳ ಇಂಗ್ಲಿಷ್ ಮೊದಲಕ್ಷರ ಕೂಡಿಸಿದ ಟೆಸ್‌ಕ್ರಿಯಲ್ ಎಂಬ ಒಂದೇ ಚೀಲಕ್ಕೆ ತುಂಬಿದರು. ಅವುಗಳ ನಂಟು ತೋರಿಸಲು ಆ ಪದ ಉಪಯುಕ್ತವೇ. ಆದರೆ ಜಗಳದಲ್ಲಿ ಎರಡೂ ಪದ ಎದುರಿನವರ ಬಾಯಿ ಮುಚ್ಚಿಸುವುದಕ್ಕೇ ಜಾಸ್ತಿ ಬಳಕೆಯಾಗುತ್ತಿವೆ.

ಕೊನೆಗೆ, ಸೈಬೋರ್ಗ್ ಮತ್ತು ಅಪ್‌ಗ್ರೇಡ್. ಸೈಬೋರ್ಗ್ ಪದ ಬಂದದ್ದು 1960ರಲ್ಲಿ, ಬಾಹ್ಯಾಕಾಶದಲ್ಲಿ ಬದುಕಲು ಮನುಷ್ಯನ ದೇಹವನ್ನೇ ಮಾರ್ಪಡಿಸೋಣ ಅಂದ ಕ್ಲೈನ್ಸ್ ಮತ್ತು ಕ್ಲೈನ್ ಎಂಬಿಬ್ಬರಿಂದ. ಸಡಿಲವಾಗಿ ನೋಡಿದರೆ, ಕಿವಿ ಕೇಳದವರಿಗೆ ಸದ್ದು ಕೇಳಿಸಲು ಕಿವಿಯೊಳಗೆ ಕೂರಿಸುವ ಕಾಕ್ಲಿಯರ್ ಇಂಪ್ಲಾಂಟ್ ಹಾಕಿಸಿಕೊಂಡ ಮಗುವೂ ಸೈಬೋರ್ಗೇ. ಮೈಸೂರಿನ ವಾಕ್ ಶ್ರವಣ ಸಂಸ್ಥೆಗೆ ಅಂಥ ಮಕ್ಕಳು ಬರುತ್ತಾರೆ, ಯಾರೂ ಹಾಗೆ ಕರೆಯುವುದಿಲ್ಲ. ಕಿವಿಯೊಳಗೆ ಸುಮಾರು 3,500 ಒಳ ಕೇಶಕೋಶಗಳು ಮಾಡುವ ಕೆಲಸವನ್ನು ಆ ಉಪಕರಣ ಹೆಚ್ಚೆಂದರೆ 20-22 ವಿದ್ಯುದ್ವಾರಗಳಿಂದ ಮಾಡಿಸುತ್ತದೆ. ಆಪರೇಷನ್ ಆದ ಮೇಲೆ ತಿಂಗಳುಗಟ್ಟಲೆ, ವರ್ಷಗಟ್ಟಲೆ ತಾಯಂದಿರು ಮಗುವಿನ ಮುಂದೆ ಕೂತು ಒಂದೊಂದು ಸದ್ದೂ ಗುರುತಿಸಲು ಕಲಿಸಬೇಕು. ಅಪ್‌ಗ್ರೇಡ್ ಅನ್ನುವ ಮಾತಿನಲ್ಲಿ ಆ ತಾಯಂದಿರು ಕಾಣುವುದಿಲ್ಲ.

ಕಂಪನಿಯೂ ಕಾಣುವುದಿಲ್ಲ. ಸೆಕೆಂಡ್ ಸೈಟ್ ಎಂಬ ಅಮೆರಿಕದ ಕಂಪನಿ ಆರ್ಗಸ್ 2 ಎಂಬ ಕೃತಕ ರೆಟಿನಾ ತಯಾರಿಸುತ್ತಿತ್ತು. 60 ವಿದ್ಯುದ್ವಾರ, ಕನ್ನಡಕದಲ್ಲಿ ಕ್ಯಾಮೆರಾ. ಪೂರ್ತಿ ಕುರುಡಾದವರಿಗೆ ಬೆಳಕಿನ ಚುಕ್ಕೆಗಳಾಗಿ ಬಾಗಿಲು, ಗೆರೆ, ಚಲನೆ ತೋರಿಸುವಷ್ಟು ದೃಷ್ಟಿ. ಪ್ರಪಂಚದಲ್ಲಿ 350ಕ್ಕೂ ಹೆಚ್ಚು ಜನ ಹಾಕಿಸಿಕೊಂಡರು. 2019ರಲ್ಲಿ ಕಂಪನಿ ಅದರ ತಯಾರಿಕೆ ನಿಲ್ಲಿಸಿತು, ಮರುವರ್ಷ ದಿವಾಳಿಯ ಅಂಚಿಗೆ ಬಂತು. ಸಾಫ್ಟ್‌ವೇರ್ ನೋಡಿಕೊಳ್ಳುವವರಿಲ್ಲ, ಬಿಡಿಭಾಗವಿಲ್ಲ, ರಿಪೇರಿಯಿಲ್ಲ. ಕೆಟ್ಟುಹೋದ ಮೇಲೆ ಕೆಲವರ ಕಣ್ಣಿನಲ್ಲಿ ಅದು ಹಾಗೇ ಉಳಿಯಿತು, ಯಾಕೆಂದರೆ ತೆಗೆಸುವುದಕ್ಕೂ ಇನ್ನೊಂದು ಆಪರೇಷನ್ ಬೇಕು.