ಸಮ್ಮರಿ ಸೂಟ್‌ನಲ್ಲಿ ಲೀವ್ ಟು ಡಿಫೆಂಡ್: ಷರತ್ತು ಬೀಳೋದು ಎಲ್ಲಿ?

ಸಮ್ಮರಿ ಸೂಟ್ ಅಂದರೆ ಹಣದ ದಾವೆಯನ್ನು ಬೇಗ ತೀರ್ಮಾನಿಸುವ ದಾರಿ. ಅದಕ್ಕಿರುವ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 37 ಎಲ್ಲ ದಾವೆಗೂ ಅಲ್ಲ. ಪ್ರೋನೋಟು, ಹುಂಡಿ, ಬರಹದ ಕರಾರಿನಂತೆ ಬರಬೇಕಾದ ಗೊತ್ತುಪಡಿಸಿದ ಮೊತ್ತ, ಇಂಥವಕ್ಕೆ. ಇಲ್ಲಿ ಪ್ರತಿವಾದಿ ನೇರವಾಗಿ ಲಿಖಿತ ಹೇಳಿಕೆ ಹಾಕುವಂತಿಲ್ಲ. ವಾದ ಮಾಡೋದಕ್ಕೇ ಮೊದಲು ಕೋರ್ಟಿನ ಅನುಮತಿ ಬೇಕು, ಅದೇ ಲೀವ್ ಟು ಡಿಫೆಂಡ್.

10 ದಿನದ ಗಡುವು ಎರಡು ಸಲ ಬರುತ್ತದೆ, ಬೆರೆಸಬೇಡಿ. ದಾವೆಯ ಸಮನ್ಸ್ ಜಾರಿಯಾದ 10 ದಿನದೊಳಗೆ ಹಾಜರಾತಿ. ಆಮೇಲೆ ವಾದಿ 'ಸಮನ್ಸ್ ಫಾರ್ ಜಜ್‌ಮೆಂಟ್', ಅಂದರೆ ತೀರ್ಪು ಕೇಳುವ ಎರಡನೇ ಸಮನ್ಸ್, ಜಾರಿ ಮಾಡಿಸುತ್ತಾನೆ. ಅಲ್ಲಿಂದ 10 ದಿನದೊಳಗೆ ಅನುಮತಿಯ ಅರ್ಜಿ. ತಡವಾದರೆ ಸಾಕಷ್ಟು ಕಾರಣ ತೋರಿಸಿ ಮನ್ನಾ ಕೇಳಬಹುದು.

ಈಗ ಕಷ್ಟದ ಜಾಗ. ಅನುಮತಿ ಕೊಡೋದಾದರೆ ಷರತ್ತಿಲ್ಲದೆ ಕೊಡಬೇಕಾ, ಹಣ ಕಟ್ಟಿಸಿಕೊಂಡು ಕೊಡಬೇಕಾ? ಹಳೆಯ ನೋಟ್ಸ್‌ಗಳಲ್ಲಿ ಇದಕ್ಕೆ ಸುಪ್ರೀಂ ಕೋರ್ಟಿನ ಹಿಂದಿನ ಮೆಕಲೆಕ್ ತೀರ್ಪಿನ ಸೂತ್ರಗಳಿರುತ್ತವೆ. 1976ರ ತಿದ್ದುಪಡಿಯಿಂದ ಆದೇಶ 37ರ ನಿಯಮ 3 ಬದಲಾಗಿದೆ, ಹಾಗಾಗಿ ಈಗ ಓದಬೇಕಾದ್ದು 2016ರ ಹಬ್‌ಟೌನ್ ತೀರ್ಪು. ಸುಪ್ರೀಂ ಕೋರ್ಟ್ ಅದರಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಹೇಳಿದೆ.

ಒಂದು ಉದಾಹರಣೆ ಹಿಡಿದು ನೋಡೋಣ. 5 ಲಕ್ಷದ ಪ್ರೋನೋಟು. ಪ್ರತಿವಾದಿ 'ಸಾಲ ತೀರಿಸಿದ್ದೇನೆ' ಅನ್ನುತ್ತಾನೆ. ಅಫಿಡವಿಟ್ ಜೊತೆ ವಾದಿಯ ಖಾತೆಗೆ ಪೂರ್ತಿ ಹಣ ಹೋದ ಬ್ಯಾಂಕ್ ಸ್ಟೇಟ್‌ಮೆಂಟ್ ಇದೆ. ಇದು ಗಟ್ಟಿ ಪ್ರತಿವಾದ, ಷರತ್ತಿಲ್ಲದೆ ಅನುಮತಿ. ಸ್ಟೇಟ್‌ಮೆಂಟ್‌ನಲ್ಲಿ ಹಣ ಹೋಗಿದೆ, ಆದರೆ ಇದೇ ಸಾಲಕ್ಕಾ ಬೇರೆ ವ್ಯವಹಾರಕ್ಕಾ ಅನ್ನೋದು ತಕರಾರು ಅಂದುಕೊಳ್ಳಿ. ಗೆಲ್ಲೋದು ಖಾತ್ರಿಯಿಲ್ಲ, ಆದರೂ ವಿಚಾರಣೆಯಲ್ಲೇ ತೀರ್ಮಾನ ಆಗಬೇಕಾದ ನ್ಯಾಯವಾದ ಪ್ರಶ್ನೆ. ಇಲ್ಲೂ ಸಾಮಾನ್ಯವಾಗಿ ಷರತ್ತಿಲ್ಲ. ಇದನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ: ಪ್ರತಿವಾದ ಗೆಲ್ಲುತ್ತದಾ ಅಂತ ಕೋರ್ಟ್ ಈ ಹಂತದಲ್ಲಿ ತೂಗುವುದಿಲ್ಲ.

ಹಾಗಾದರೆ ಷರತ್ತು ಎಲ್ಲಿ? ಪ್ರಶ್ನೆ ಇದೆ, ಆದರೆ ಪ್ರತಿವಾದಿಯ ಪ್ರಾಮಾಣಿಕತೆಯ ಮೇಲೆ ಅನುಮಾನ ಬಂದಲ್ಲಿ. 'ಎಲ್ಲಾ ನಗದು ಕೊಟ್ಟೆ' ಅನ್ನುತ್ತಾನೆ, ಆದರೆ ರಸೀದಿಯಿಲ್ಲ. ಲೀಗಲ್ ನೋಟಿಸಿಗೆ ಉತ್ತರಿಸುವಾಗಲೂ ಈ ಮಾತು ಎತ್ತಿಲ್ಲ. ಆಗ ಕೋರ್ಟ್ ವಿಚಾರಣೆಯ ಸಮಯ ಇಲ್ಲವೇ ವಿಧಾನದ ಬಗ್ಗೆ ಷರತ್ತು ಹಾಕಬಹುದು, ಠೇವಣಿ ಇಲ್ಲವೇ ಭದ್ರತೆ ಕೇಳಬಹುದು. ಆಗಿರಬಹುದು, ಆದರೆ ನಂಬೋದು ಕಷ್ಟ ಅನ್ನುವ ಮಟ್ಟಕ್ಕೆ ಹೋದರೆ ಅಸಲು ಬಡ್ಡಿ ಪೂರ್ತಿ ಕಟ್ಟಿಸಬಹುದು. 'ತೀರಿಸಿದೆ' ಅನ್ನುವ ಮಾತು ಎರಡೂ ಕಡೆ ಒಂದೇ, ಅಲ್ವಾ? ವ್ಯತ್ಯಾಸ ಇರೋದು ಅದರ ಹಿಂದಿನ ಕಾಗದದಲ್ಲಿ, ಅದನ್ನು ಮೊದಲು ಹೇಳಿದ ದಿನಾಂಕದಲ್ಲಿ. ಪ್ರಶ್ನೆಪತ್ರಿಕೆಯ ಸಮಸ್ಯೆಗಳಲ್ಲಿ ನಾನು ಮೊದಲು ಹುಡುಕುವುದು ಇವೆರಡನ್ನೇ.

ಸುಮ್ನೆ ಕಾಲಹರಣದ, ಹುರುಳಿಲ್ಲದ ಪ್ರತಿವಾದಕ್ಕೆ ಅನುಮತಿಯೇ ಇಲ್ಲ, ನೇರ ಡಿಕ್ರಿ.

2 ಲಕ್ಷ ಬಾಕಿ ಇದೆ ಅಂತ ಪ್ರತಿವಾದಿ ತಾನೇ ಒಪ್ಪಿದರೆ ಮೇಲಿನ ಲೆಕ್ಕಾಚಾರ ಆ 2 ಲಕ್ಷಕ್ಕೆ ಬೇಡ. ಅದನ್ನು ಕೋರ್ಟಿನಲ್ಲಿ ಕಟ್ಟದೆ ಅನುಮತಿ ಸಿಗದು. ಇನ್ನು ಭದ್ರತೆ ಕೊಡಿ ಅಂತ ಕೋರ್ಟ್ ಗಡುವು ಕೊಟ್ಟು, ಪ್ರತಿವಾದಿ ಕೊಡದಿದ್ದರೆ ವಾದಿಗೆ ಕೂಡಲೇ ತೀರ್ಪು ಪಡೆಯುವ ಹಕ್ಕು ಬರುತ್ತದೆ, ನಿಯಮ 3(6)(ಬಿ).