12ನೇ ವಾರವೋ, 12 ವಾರಗಳೋ: ಸಂಖ್ಯಾ ವಿನ್ಯಾಸದ ವಾಕ್ಯರೂಪದ ಲೆಕ್ಕಗಳು

ಸಂಖ್ಯೆಗಳು ಒಂದು ನಿಯಮದಂತೆ ಏರುವ ಅಥವಾ ಇಳಿಯುವ ಲೆಕ್ಕಗಳಲ್ಲಿ ನಾವು ಹೆಚ್ಚಾಗಿ ಎಡವುವುದು ಕೂಡುವಾಗಲೋ ಗುಣಿಸುವಾಗಲೋ ಅಲ್ಲ, ಪ್ರಶ್ನೆಯನ್ನು ಓದುವಾಗ. ಈ ಲೆಕ್ಕವನ್ನು ನೋಡಿ.

ಒಬ್ಬ ಹುಡುಗಿ ತನ್ನ ಹುಂಡಿಗೆ ಮೊದಲ ವಾರ 20 ರೂಪಾಯಿ ಹಾಕುತ್ತಾಳೆ. ಅನಂತರ ಪ್ರತಿ ವಾರವೂ ಹಿಂದಿನ ವಾರಕ್ಕಿಂತ 5 ರೂಪಾಯಿ ಹೆಚ್ಚು ಹಾಕುತ್ತಾ ಹೋಗುತ್ತಾಳೆ. 12ನೇ ವಾರದಲ್ಲಿ ಅವಳು ಹಾಕುವ ಹಣವೆಷ್ಟು? 12 ವಾರಗಳಲ್ಲಿ ಹಾಕಿದ ಹಣವೆಷ್ಟು?

ಎರಡು ಪ್ರಶ್ನೆಗಳ ನಡುವಿನ ವ್ಯತ್ಯಾಸವೆಲ್ಲ ಒಂದು ‘ನೇ’ ಮತ್ತು ಒಂದು ‘ಗಳು’ ಪ್ರತ್ಯಯದಲ್ಲಿದೆ. ಇಲ್ಲಿ ‘ನೇ’ ಕೇಳುವುದು ಸಾಲಿನ ಒಂದೇ ಪದವನ್ನು (ಅಂದರೆ ಸಾಲಿನಲ್ಲಿರುವ ಒಂದು ಸಂಖ್ಯೆಯನ್ನು), ‘ಗಳಲ್ಲಿ’ ಕೇಳುವುದು ಅಲ್ಲಿಯವರೆಗಿನ ಮೊತ್ತವನ್ನು. ಆ ಅಕ್ಷರಕ್ಕೆ ಪೆನ್ಸಿಲಿನಿಂದ ಸುತ್ತು ಹಾಕಿಕೊಂಡೇ ಮುಂದುವರಿಯುವುದು ಒಳ್ಳೆಯ ಅಭ್ಯಾಸ. ‘5 ಹೆಚ್ಚು’ ಮತ್ತು ‘5 ಪಟ್ಟು’ ಎಂಬುವನ್ನೂ ಹೀಗೆಯೇ ಬೇರ್ಪಡಿಸಿಕೊಳ್ಳಬೇಕು. ಮೊದಲನೆಯದು ಕೂಡುವ ಮಾತು, ಎರಡನೆಯದು ಗುಣಿಸುವ ಮಾತು.

ಈಗ 12ನೇ ವಾರ. ಹಲವರು 12ನ್ನು 5ರಿಂದ ಗುಣಿಸಿ, ಬಂದ 60ಕ್ಕೆ 20 ಸೇರಿಸಿ 80 ಎಂದು ಬರೆಯುತ್ತಾರೆ. ಆದರೆ ಮೊದಲ ವಾರ ಏರಿಕೆಯೇ ಇರಲಿಲ್ಲ. ಕೈಯನ್ನು ಅಗಲಿಸಿ ನೋಡಿ: ಬೆರಳು 5, ಅವುಗಳ ನಡುವಿನ ಸಂದು 4. ವಾರಗಳು ಬೆರಳುಗಳಾದರೆ ಏರಿಕೆಗಳು ಸಂದುಗಳು. ಆದ್ದರಿಂದ 12ನೇ ವಾರದ ಹೊತ್ತಿಗೆ 11 ಏರಿಕೆಗಳು ಮಾತ್ರ ಆಗಿರುತ್ತವೆ ಮತ್ತು ಉತ್ತರ 20 + 55, ಅಂದರೆ 75 ರೂಪಾಯಿ. ಭಾಸ್ಕರಾಚಾರ್ಯರು 1150ರಲ್ಲಿ ರಚಿಸಿದ ‘ಲೀಲಾವತಿ’ಯಲ್ಲಿ ಕೊನೆಯ ಪದವನ್ನು ಕಂಡುಹಿಡಿಯುವ ಸೂತ್ರವು ‘ವ್ಯೇಕಪದ’ ಎಂದೇ ಆರಂಭವಾಗುತ್ತದೆ. ವ್ಯೇಕವೆಂದರೆ ಒಂದು ಕಳೆದದ್ದು. ನಾವು ಮರೆಯುವ ಆ ಒಂದನ್ನು ಅವರು ಸೂತ್ರದ ಮೊದಲ ಮಾತಾಗಿಯೇ ಇಟ್ಟಿರುವುದು ನನಗೆ ಬಹಳ ಇಷ್ಟವಾದ ಸಂಗತಿ.

ಮೊತ್ತಕ್ಕೆ ಎರಡು ತುದಿಗಳನ್ನು ಜೋಡಿಸಿದರೆ ಸಾಕು. 20 ಮತ್ತು 75 ಸೇರಿ 95. 25 ಮತ್ತು 70 ಸೇರಿದರೂ 95. ಹೀಗೆ 6 ಜೋಡಿಗಳಿಂದ 570 ರೂಪಾಯಿ.

ಪ್ರಶ್ನೆ ತಿರುವುಮುರುವಾಗಿಯೂ ಬರಬಹುದು: ಅವಳು 110 ರೂಪಾಯಿ ಹಾಕುವುದು ಎಷ್ಟನೇ ವಾರ? 110ರಲ್ಲಿ 20 ಕಳೆದು 5ರಿಂದ ಭಾಗಿಸಿದರೆ 18 ಬರುತ್ತದೆ. ಇದು ಸಂದುಗಳ ಎಣಿಕೆಯಾದ್ದರಿಂದ ಇಲ್ಲಿ ಒಂದನ್ನು ಕೂಡಬೇಕು. ಉತ್ತರ 19ನೇ ವಾರ. ಅದೇ 113 ರೂಪಾಯಿ ಎಂದು ಕೇಳಿದರೆ ಶೇಷ ಉಳಿಯುತ್ತದೆ, ಅಂದರೆ ಅಂಥ ವಾರವೇ ಇಲ್ಲ.

ಇದೇ ಲೆಕ್ಕ ಮನೆಯಂಗಳದಲ್ಲಿಯೂ ಇದೆ. ‘15ರಿಂದ 8, ಸಂದು ಚುಕ್ಕಿ’ ಎಂಬ ರಂಗೋಲಿಯಲ್ಲಿ ನಡುವಿನ ಸಾಲಿಗೆ 15 ಚುಕ್ಕಿಗಳನ್ನಿಟ್ಟು, ಮೇಲಕ್ಕೂ ಕೆಳಕ್ಕೂ ಹಿಂದಿನ ಸಾಲಿನ ಚುಕ್ಕಿಗಳ ಸಂದಿಗೆ ನೇರವಾಗಿ ಒಂದೊಂದು ಕಡಿಮೆ ಮಾಡುತ್ತಾ 8ರವರೆಗೆ ಇಡುತ್ತಾರೆ. ಒಟ್ಟು ಚುಕ್ಕಿಗಳೆಷ್ಟು? ಮೇಲಿನ ಭಾಗದಲ್ಲಿ 14ರಿಂದ 8ರವರೆಗೆ 7 ಸಾಲುಗಳಿವೆ. ಸಾಲುಗಳು ಬೆಸಸಂಖ್ಯೆಯಲ್ಲಿರುವುದರಿಂದ ನಡುವಿನದು ಜೋಡಿಯಿಲ್ಲದೆ ಉಳಿಯುತ್ತದೆ. ಆಗ ತುದಿಗಳ ಮೊತ್ತವಾದ 22ರ ಅರ್ಧವನ್ನು, ಅಂದರೆ 11ನ್ನು, 7ರಿಂದ ಗುಣಿಸಿದರೆ 77. ಕೆಳಗಿನ ಭಾಗಕ್ಕೂ ಅಷ್ಟೇ. ನಡುವಿನ 15 ಒಂದೇ ಸಲ ಬರುತ್ತದೆ, ಅದನ್ನು ಎರಡು ಬಾರಿ ಎಣಿಸಬಾರದು. ಒಟ್ಟು 77 + 15 + 77, ಅಂದರೆ 169 ಚುಕ್ಕಿಗಳು.

ದೊಡ್ಡ ಲೆಕ್ಕದ ದಾರಿ ಸರಿಯೋ ಎಂಬ ಅನುಮಾನ ಬಂದರೆ ‘5ರಿಂದ 3’ರ ಚಿಕ್ಕ ರಂಗೋಲಿಯನ್ನು ಹಾಳೆಯ ಮೇಲೆ ಇಟ್ಟು ನೋಡಿ: 3, 4, 5, 4, 3. ಅದೇ ದಾರಿಯಲ್ಲಿ 7 + 5 + 7, ಬೆರಳಿಟ್ಟು ಎಣಿಸಿದರೂ 19.